ಚಿಕ್ಕ ಪಾತ್ರಗಳ ದೊಡ್ಡ ಕಲಾವಿದೆ: ಲಲಿತಾ ಪವಾರ್



1987ರಲ್ಲಿ ದೂರದರ್ಶನದಲ್ಲಿ ಆರಂಭವಾದ ರಮಾನಂದ ಸಾಗರ್ ಅವರ 'ರಾಮಾಯಣ' ಧಾರಾವಾಹಿಯನ್ನು ನೀವು ನೋಡಿದ್ದರೆ ಮಂಥರೆಯ ಮುಖವನ್ನು ಮರೆತಿರಲಾರಿರಿ. ಆ ಪಾತ್ರ ಮಾಡಿದ ಲಲಿತಾ ಪವಾರ್ ಅವರಿಗೆ ಆಗ ಎಪ್ಪತ್ತರ ವಯಸ್ಸು. ಕೆಟ್ಟ ಅತ್ತೆ, ಚಾಡಿ ಹೇಳುವ ಮುದುಕಿ ಎಂದೇ ಅವರನ್ನು ಗುರುತಿಸುವವರು ಬಹಳ. ಅವರ ನಿಜ ಜೀವನವನ್ನು ಬಲ್ಲವರು ಕಡಿಮೆ.

1916ರಲ್ಲಿ ಮಹಾರಾಷ್ಟ್ರದ ನಾಸಿಕ್ ಜಿಲ್ಲೆಯ ಯೇವಲಾದಲ್ಲಿ ಹುಟ್ಟಿದ ಅವರ ಮೊದಲ ಹೆಸರು ಅಂಬಾ. ಮೂಕಿ ಚಿತ್ರಗಳ ಕಾಲದಲ್ಲಿ ಬಾಲನಟಿಯಾಗಿ ಚಿತ್ರರಂಗಕ್ಕೆ ಬಂದರು. ಆ ಚಿತ್ರಗಳಲ್ಲಿ ಸಂಭಾಷಣೆ ಕೇಳಿಸುತ್ತಿರಲಿಲ್ಲ. ಹೇಳಬೇಕಾದುದನ್ನೆಲ್ಲ ಮುಖ ಮತ್ತು ಕಣ್ಣುಗಳಿಂದಲೇ ಹೇಳಬೇಕಿತ್ತು. 1932ರಲ್ಲಿ, ಇನ್ನೂ ಹದಿನಾರರ ಪ್ರಾಯದಲ್ಲಿ, 'ಕೈಲಾಸ್' ಎಂಬ ಮೂಕಿ ಚಿತ್ರದಲ್ಲಿ ನಟಿಸಿದ್ದಲ್ಲದೆ ಅದರ ನಿರ್ಮಾಣದಲ್ಲೂ ಪಾಲ್ಗೊಂಡರು. ಮಾತಿನ ಚಿತ್ರಗಳು ಬಂದ ಮೇಲೂ ಅವರು ಹಿಂದೆ ಬೀಳಲಿಲ್ಲ. 1935ರ 'ಹಿಮ್ಮತ್-ಎ-ಮರ್ದಾ' ಅವರನ್ನು ನಾಯಕಿಯಾಗಿ ಜನರಿಗೆ ಪರಿಚಯಿಸಿತು.

1942ರಲ್ಲಿ ಎಲ್ಲವೂ ಬದಲಾಯಿತು. ಚಿತ್ರೀಕರಣವೊಂದರಲ್ಲಿ ಸಹನಟ ಭಗವಾನ್ ಅವರು ಕೆನ್ನೆಗೆ ಹೊಡೆಯುವ ದೃಶ್ಯವಿತ್ತು. ಏಟು ಬಲವಾಗಿ ಬಿತ್ತು. ಲಲಿತಾ ಅವರ ಮುಖದ ಒಂದು ಭಾಗ ಪಾರ್ಶ್ವವಾಯುವಿಗೆ ತುತ್ತಾಯಿತು, ಎಡಗಣ್ಣಿನ ನರಕ್ಕೆ ಪೆಟ್ಟಾಯಿತು. ಸುಮಾರು ಮೂರು ವರ್ಷ ಚಿಕಿತ್ಸೆ ನಡೆದರೂ ಕಣ್ಣು ಮೊದಲಿನಂತಾಗಲಿಲ್ಲ. ಇಪ್ಪತ್ತಾರರ ವಯಸ್ಸಿನಲ್ಲಿ ನಾಯಕಿಯ ಪಾತ್ರಗಳ ಬಾಗಿಲು ಮುಚ್ಚಿತು.

ಇಂತಹ ಸ್ಥಿತಿಯಲ್ಲಿ ನಾವಾಗಿದ್ದರೆ ಏನು ಮಾಡುತ್ತಿದ್ದೆವು? ಅವರು ಪೋಷಕ ಪಾತ್ರಗಳಿಗೆ ಮರಳಿದರು. ಸಣ್ಣದಾದ ಎಡಗಣ್ಣನ್ನು ಮರೆಮಾಚದೆ ಅದನ್ನೇ ಅಭಿನಯದ ಸಾಧನವಾಗಿಸಿಕೊಂಡರು. 1950ರಲ್ಲಿ ವಿ. ಶಾಂತಾರಾಮ್ ಅವರ 'ದಹೇಜ್' ಚಿತ್ರದಲ್ಲಿ ವರದಕ್ಷಿಣೆಗಾಗಿ ಸೊಸೆಯನ್ನು ಕಾಡುವ ಅತ್ತೆಯಾದರು. ವರದಕ್ಷಿಣೆಯ ಕ್ರೌರ್ಯ ಎಷ್ಟು ಹೇಯವೆಂದು ನೋಡುಗರಿಗೆ ಅನ್ನಿಸಬೇಕಾದರೆ ಯಾರಾದರೂ ಆ ಕ್ರೌರ್ಯವನ್ನು ನಂಬುವಂತೆ ನಟಿಸಲೇಬೇಕಲ್ಲವೇ?

ಒಂದು ಮಾತನ್ನು ಇಲ್ಲಿ ಹೇಳಲೇಬೇಕು. ಊನವಾದ ಕಣ್ಣನ್ನು ಕಂಡು ಚಿತ್ರರಂಗ ಅವರಿಗೆ ಮತ್ತೆ ಮತ್ತೆ ಕೆಟ್ಟ ಹೆಂಗಸಿನ ಪಾತ್ರಗಳನ್ನೇ ಕೊಟ್ಟಿತು. ಮುಖದಲ್ಲಿ ಊನವಿದ್ದರೆ ಮನಸ್ಸಿನಲ್ಲೂ ಇರುತ್ತದೆ ಎಂಬ ಈ ಕಲ್ಪನೆ ತಪ್ಪು. ಇದಕ್ಕೆ ಅವರ ಅಭಿನಯವೇ ಉತ್ತರ ಕೊಟ್ಟಿತು. 1955ರ 'ಶ್ರೀ 420'ರಲ್ಲಿ ಬಾಳೆಹಣ್ಣು ಮಾರುವ ಮಮತೆಯ ಗಂಗಾ ಮಾಯಿಯಾದರು. 1959ರಲ್ಲಿ ಹೃಷಿಕೇಶ್ ಮುಖರ್ಜಿಯವರ 'ಅನಾಡಿ'ಯಲ್ಲಿ ಮಿಸೆಸ್ ಡಿಸಾ ಎಂಬ ಮನೆ ಒಡತಿಯಾದರು. ಬಾಯಿ ಒರಟು, ಹೃದಯ ಬೆಣ್ಣೆ. ರಾಜ್ ಕಪೂರ್ ಅವರಿಗಿಂತ ಕೇವಲ ಎಂಟು ವರ್ಷ ದೊಡ್ಡವರಾಗಿದ್ದರೂ ಅವರಿಗೆ ತಾಯಿಯಂತೆ ಕಂಡರು. ಆ ಪಾತ್ರಕ್ಕೆ ಫಿಲ್ಮ್‌ಫೇರ್‌ನ ಅತ್ಯುತ್ತಮ ಪೋಷಕ ನಟಿ ಪ್ರಶಸ್ತಿ ದೊರೆಯಿತು. 1961ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಗೌರವವೂ ಸಂದಿತು. 1971ರ 'ಆನಂದ್' ಚಿತ್ರದಲ್ಲಿ ಆಸ್ಪತ್ರೆಯ ಕಟ್ಟುನಿಟ್ಟಿನ, ಆದರೆ ಅಂತಃಕರಣವುಳ್ಳ ಮೇಟ್ರನ್ ಕೂಡ ಅವರೇ.

1998ರ ಫೆಬ್ರವರಿ 24ರಂದು ಪುಣೆಯಲ್ಲಿ ಅವರು ನಿಧನರಾದರು. ನೂರಾರು ಚಿತ್ರಗಳಲ್ಲಿ ನಟಿಸಿದ್ದ ಅವರ ವೃತ್ತಿಜೀವನ ಮೂಕಿ ಚಿತ್ರದಿಂದ ಟಿವಿಯವರೆಗೆ ಹಬ್ಬಿತ್ತು.

ಓದುಗರೇ, ಸಬ್ರ್ ಎಂದರೆ ಕೈಕಟ್ಟಿ ಕೂರುವುದಲ್ಲ. ಕಳೆದುಹೋದುದರ ನಂತರ ಉಳಿದುದರಿಂದ ದುಡಿಯುವುದು. ಮುಖದ ಮೇಲೊಂದು ಕಲೆಯಿದೆ, ಕಣ್ಣು ಸ್ವಲ್ಪ ಓರೆ ಎಂದು ನಮ್ಮ ಎಷ್ಟೋ ಹೆಣ್ಣುಮಕ್ಕಳು ತರಗತಿಯ ಹಿಂದಿನ ಬೆಂಚಿನಲ್ಲಿ ತಲೆ ತಗ್ಗಿಸಿ ಕೂರುತ್ತಾರೆ. ಅಂತಹ ಮಗಳು ನಿಮ್ಮ ಮನೆಯಲ್ಲಿದ್ದರೆ, ಆಕೆಯ ಮದುವೆಯ ಚಿಂತೆಗೆ ಮೊದಲು ಆಕೆಯ ಓದಿನ ಚಿಂತೆ ಮಾಡಿ. ಆಕೆಗೆ ಏನು ಬರುತ್ತದೆ ಎಂದು ಕೇಳಿ. ಆಕೆಗೆ ಲಲಿತಾ ಪವಾರ್ ಅವರ ಕಥೆಯನ್ನೂ ಹೇಳಿ.