ಲೂಸಿಲ್ ಬಾಲ್
ಲೂಸಿಲ್ ಬಾಲ್ (ಆಗಸ್ಟ್ 6, 1911 – ಏಪ್ರಿಲ್ 26, 1989) ಅಮೆರಿಕದ ಹೆಸರಾಂತ ದೂರದರ್ಶನ ಹಾಸ್ಯನಟಿ ಮತ್ತು ನಿರ್ಮಾಪಕಿ. ನ್ಯೂಯಾರ್ಕ್ ರಾಜ್ಯದ ಜೇಮ್ಸ್‌ಟೌನ್‌ನಲ್ಲಿ ಜನಿಸಿದ ಇವರು ಮೂರನೆಯ ವಯಸ್ಸಿನಲ್ಲಿಯೇ ತಂದೆಯನ್ನು ಕಳೆದುಕೊಂಡರು. ಹಾಲಿವುಡ್‌ನಲ್ಲಿ ಬಹುಕಾಲ ಸಣ್ಣಪುಟ್ಟ ಪಾತ್ರಗಳನ್ನು ನಿರ್ವಹಿಸಿದರು.

1940ರಲ್ಲಿ ಕ್ಯೂಬಾ ಮೂಲದ ಸಂಗೀತಗಾರ ಡೆಸಿ ಅರ್ನಾಜ್ ಅವರನ್ನು ವಿವಾಹವಾದರು. ಅವರನ್ನು ತೆರೆಯ ಮೇಲೂ ಲೂಸಿಲ್ ಅವರ ಪತಿಯಾಗಿ ತೋರಿಸಲು ಸಿಬಿಎಸ್ ವಾಹಿನಿ ಹಿಂಜರಿದಾಗ, ದಂಪತಿಗಳು ಊರೂರುಗಳಲ್ಲಿ ರಂಗಪ್ರದರ್ಶನ ನೀಡಿ ಜನಮೆಚ್ಚುಗೆ ಗಳಿಸಿದರು. ಆನಂತರ ಮೂಡಿಬಂದ ‘ಐ ಲವ್ ಲೂಸಿ’ (1951–57) ಪ್ರೇಕ್ಷಕರ ಸಮ್ಮುಖದಲ್ಲಿ ಮೂರು ಕ್ಯಾಮೆರಾಗಳಿಂದ ಚಿತ್ರೀಕರಣಗೊಂಡು, ಮುಂದಿನ ಹಾಸ್ಯ ಧಾರಾವಾಹಿಗಳಿಗೆ ಮಾದರಿಯಾಯಿತು.

1960ರಲ್ಲಿ ಇವರು ವಿಚ್ಛೇದನ ಪಡೆದರು. ಇಬ್ಬರೂ ಸ್ಥಾಪಿಸಿದ್ದ ಡೆಸಿಲು ಸಂಸ್ಥೆಯಲ್ಲಿ ಅರ್ನಾಜ್ ಅವರಿಗಿದ್ದ ಪಾಲನ್ನು 1962ರಲ್ಲಿ ಖರೀದಿಸಿ ಅದರ ಮುಖ್ಯಸ್ಥೆಯಾದರು. ‘ಸ್ಟಾರ್ ಟ್ರೆಕ್’ ಧಾರಾವಾಹಿಯ ನಿರ್ಮಾಣ ಆರಂಭವಾದದ್ದು ಇವರ ಆಡಳಿತಾವಧಿಯಲ್ಲಿಯೇ. ಲೂಸಿಲ್ ಬಾಲ್ ಲಾಸ್ ಏಂಜಲೀಸ್‌ನಲ್ಲಿ ನಿಧನರಾದರು.