ಹಾಡುಗಳನ್ನು ಅರಸಿ ಹೋದ ಅಲನ್ ಲೋಮ್ಯಾಕ್ಸ್

ಗ್ರಂಥಸ್ಥವಾದ ಕಾವ್ಯಕ್ಕೆ ಪಂಡಿತರ ಆಶ್ರಯವುಂಟು. ಶಾಸ್ತ್ರೀಯ ಸಂಗೀತಕ್ಕೆ ಸಭೆಗಳ ಮನ್ನಣೆಯುಂಟು. ಹೊಲಗದ್ದೆಗಳಲ್ಲಿ ಹುಟ್ಟಿ, ಹಾಡಿದವರೊಡನೆಯೇ ಮಣ್ಣುಗೂಡುವ ಪದಗಳಿಗೆ ದಿಕ್ಕಾರು? ಅಂತಹ ಪದಗಳ ರಕ್ಷಣೆಗಾಗಿ ಬಾಳನ್ನೇ ಮುಡಿಪಾಗಿಟ್ಟ ಅಮೆರಿಕದ ಅಲನ್ ಲೋಮ್ಯಾಕ್ಸ್ ಅವರ ಚರಿತ್ರೆಯನ್ನು ನಾವಿಲ್ಲಿ ಸಂಗ್ರಹವಾಗಿ ನಿರೂಪಿಸುತ್ತೇವೆ.

ಇವರು 1915ರ ಜನವರಿ 31ರಂದು ಟೆಕ್ಸಾಸ್ ಸಂಸ್ಥಾನದ ಆಸ್ಟಿನ್ ನಗರದಲ್ಲಿ ಜನಿಸಿದರು. ತಂದೆ ಜಾನ್ ಲೋಮ್ಯಾಕ್ಸ್ ಅವರು ದನಗಾಹಿಗಳ ಹಾಡುಗಳನ್ನು ಸಂಗ್ರಹಿಸಿ ಪ್ರಸಿದ್ಧರಾದವರು. 1933ರಲ್ಲಿ ತಂದೆಮಕ್ಕಳಿಬ್ಬರೂ 300 ಪೌಂಡಿಗೂ ಮಿಕ್ಕಿದ ತೂಕದ ಧ್ವನಿಮುದ್ರಣ ಯಂತ್ರವನ್ನು ಕಾರಿನಲ್ಲಿ ಹೇರಿಕೊಂಡು, ದಕ್ಷಿಣ ಸಂಸ್ಥಾನಗಳ ಹೊಲಗಳನ್ನೂ ಸೆರೆಮನೆಗಳನ್ನೂ ಸುತ್ತಿದರು. ಲೆಡ್‌ಬೆಲಿ ಎಂದು ಮುಂದೆ ಜಗತ್ತೇ ಅರಿತ ಗಾಯಕನು ಇವರಿಗೆ ದೊರೆತದ್ದು ಲೂಸಿಯಾನದ ಅಂಗೋಲ ಸೆರೆಮನೆಯಲ್ಲಿ.

1937ರಲ್ಲಿ ಅಲನ್ ಅವರು ವಾಷಿಂಗ್ಟನ್ನಿನ ಕಾಂಗ್ರೆಸ್ ಗ್ರಂಥಾಲಯದ ಜನಪದಗೀತ ಭಂಡಾರದ ಹೊಣೆ ಹೊತ್ತರು. ಎರಡು ವರ್ಷಗಳ ತರುವಾಯ ರೇಡಿಯೋ ಮೂಲಕ ಆ ಹಾಡುಗಳನ್ನು ಶಾಲಾಮಕ್ಕಳಿಗೆ ಮುಟ್ಟಿಸತೊಡಗಿದರು. ಹಾಡಿದವರಿಗೆ ಅವರ ಧ್ವನಿಯನ್ನೇ ಯಂತ್ರದಿಂದ ಮರಳಿ ಕೇಳಿಸುವುದು ಇವರ ಪದ್ಧತಿ. 1941ರಲ್ಲಿ ಮಿಸಿಸಿಪ್ಪಿಯ ಹತ್ತಿಯ ತೋಟವೊಂದರಲ್ಲಿ ದುಡಿಯುತ್ತಿದ್ದ ಮಡ್ಡಿ ವಾಟರ್ಸ್ ಎಂಬ ತರುಣನು ಹೀಗೆ ತನ್ನ ದನಿಯನ್ನು ತಾನೇ ಕೇಳಿ, ತಾನೂ ಗಾಯಕನೆಂಬ ಧೈರ್ಯ ತಳೆದನು. 1943ರಲ್ಲಿ ಷಿಕಾಗೋ ನಗರವನ್ನು ಸೇರಿ ವಿಖ್ಯಾತನಾದನು.

1950ರಲ್ಲಿ ಕಮ್ಯೂನಿಸ್ಟರೆಂಬ ಶಂಕೆಗೆ ಗುರಿಯಾದವರ ಪಟ್ಟಿಯೊಂದರಲ್ಲಿ ಇವರ ಹೆಸರೂ ಅಚ್ಚಾಯಿತು. ಅದೇ ವರ್ಷ ಇವರು ಯೂರೋಪಿಗೆ ತೆರಳಿದರು. ಆದರೂ ಕಾಯಕ ನಿಲ್ಲಲಿಲ್ಲ. ಸ್ಪೇನ್, ಇಟಲಿ ದೇಶಗಳ ಹಳ್ಳಿಗಳಲ್ಲಿ ಧ್ವನಿಮುದ್ರಿಸಿದರು. 1953ರಲ್ಲಿ ಬಿ.ಬಿ.ಸಿ. ದೂರದರ್ಶನದಲ್ಲಿ ತಾವೇ ನಿರೂಪಕರಾಗಿ ಹಳ್ಳಿಯ ಹಾಡುಗಾರರನ್ನು ಜನರ ಮುಂದೆ ನಿಲ್ಲಿಸಿದರು. ಆ ಕಾರ್ಯಕ್ರಮದ ನಿರ್ಮಾಪಕರು ಆಗಿನ್ನೂ ತರುಣರಾಗಿದ್ದ ಡೇವಿಡ್ ಅಟೆನ್‌ಬರೋ. 1958ರಲ್ಲಿ ಸ್ವದೇಶಕ್ಕೆ ಮರಳಿದರು. 1978ರಿಂದ 1985ರವರೆಗೆ ಅಮೆರಿಕದ ಹಳ್ಳಿಗಳ ಹಾಡುಕುಣಿತಗಳನ್ನು ಚಿತ್ರೀಕರಿಸಿದರು. ಅದರಿಂದ ರೂಪುಗೊಂಡ ಐದು ಭಾಗಗಳ ಸಾಕ್ಷ್ಯಚಿತ್ರಮಾಲೆಯು ದೂರದರ್ಶನದಲ್ಲಿ ಪ್ರಸಾರವಾಯಿತು. 2002ರ ಜುಲೈ 19ರಂದು ಫ್ಲಾರಿಡಾದಲ್ಲಿ, 87ನೆಯ ವಯಸ್ಸಿನಲ್ಲಿ ದೇಹವಿಟ್ಟರು.

ಇವರ ಕೀರ್ತಿ ಆಕ್ಷೇಪಣೆಗೆ ಹೊರತಾದುದಲ್ಲ. ಜನರ ಹಾಡುಗಳು ಕೆಲವಕ್ಕೆ ಹಕ್ಕುದಾರರಾಗಿ ಲೋಮ್ಯಾಕ್ಸ್ ಮನೆತನದವರ ಹೆಸರೂ ಸೇರಿತು. ಮಿಸಿಸಿಪ್ಪಿಯ ಕಾರ್ಯದಲ್ಲಿ ಜತೆಗಿದ್ದ ವಿದ್ವಾಂಸ ಜಾನ್ ವರ್ಕ್ ಅವರಿಗೆ ಸಲ್ಲಬೇಕಾದ ಗೌರವ ಸಲ್ಲಲಿಲ್ಲವೆಂಬ ದೂರೂ ಉಂಟು. ಆದರೆ 1983ರಲ್ಲಿ ಇವರು ಸ್ಥಾಪಿಸಿದ ಸಂಸ್ಥೆಯು ಧ್ವನಿಮುದ್ರಣಗಳ ಪ್ರತಿಗಳನ್ನು ಆಯಾ ಊರಿನವರಿಗೇ ಮರಳಿಸುವ ಕಾರ್ಯವನ್ನು ಕೈಗೊಂಡುದು ಸಮಾಧಾನದ ಸಂಗತಿ.

ಗಡಿನಾಡಿನಲ್ಲಿ ಬಾಳುವ ನಮಗೆ ಈ ಚರಿತ್ರೆ ದೂರದ್ದಲ್ಲ. ಬೀಸುವ ಪದ, ಸೋಬಾನೆ ಪದಗಳನ್ನು ಬಲ್ಲ ಅಜ್ಜಿಯರು ಇನ್ನೂ ನಮ್ಮ ಮನೆಗಳಲ್ಲಿದ್ದಾರೆ. ಅವರ ದನಿಯನ್ನು ಹಿಡಿದಿಡುವ ಸಾಧನವು ಇಂದು ಮಕ್ಕಳ ಅಂಗೈಯಲ್ಲಿಯೇ ಇದೆ. ಒಂದು ಸಂಜೆ ಅಜ್ಜಿಯ ಬಳಿ ಕುಳಿತು ಹಾಡಿಸಿರಿ. ಬಳಿಕ ಅದನ್ನು ಅವರಿಗೇ ಕೇಳಿಸಿರಿ.