ಪರದೆಯ ಹಿಂದಿನ ಸರಸ್ವತಿಬಾಯಿ

ಸಿನಿಮಾ ಅಂದ ಕೂಡಲೆ ನಮಗೆ ಹೀರೋ, ಹಾಡು, ಫೈಟಿಂಗ್ ನೆನಪಾಗುತ್ತೆ. ಪರದೆ ಹಿಂದೆ ದುಡಿದವರ ಹೆಸರು ಗೊತ್ತಿರಲ್ಲ. ಅಂಥವರಲ್ಲಿ ಒಬ್ಬರು ಸರಸ್ವತಿಬಾಯಿ ಫಾಲ್ಕೆ.

1902ರಲ್ಲಿ ಇವರು ದಾದಾಸಾಹೇಬ್ ಫಾಲ್ಕೆಯವರನ್ನು ಮದುವೆಯಾದರು. ಫಾಲ್ಕೆಯವರಿಗೆ ಸಿನಿಮಾ ತೆಗೆಯುವ ಹಂಬಲ. 1912ರಲ್ಲಿ ಲಂಡನ್ನಿಗೆ ಹೋಗಿ ಕಲಿತು ಬಂದರು. ಆದರೆ ಕೈಯಲ್ಲಿ ದುಡ್ಡಿಲ್ಲ. ಆಗ ಸರಸ್ವತಿಬಾಯಿ ತಮ್ಮ ಒಡವೆಗಳನ್ನೇ ಬಿಚ್ಚಿ ಕೊಟ್ಟರು.

ಆ ಕಾಲದಲ್ಲಿ ಫಿಲ್ಮಿನ ಅಂಚಿಗೆ ತೂತು ಇರುತ್ತಿರಲಿಲ್ಲ. ತೂತು ಇಲ್ಲದಿದ್ದರೆ ಕ್ಯಾಮೆರಾದ ಹಲ್ಲು ಫಿಲ್ಮನ್ನು ಎಳೆಯೋದಿಲ್ಲ. ಬೆಳಕು ಬಿದ್ದರೆ ಫಿಲ್ಮ್ ಹಾಳು. ಅದಕ್ಕೆ ಸರಸ್ವತಿಬಾಯಿ ರಾತ್ರಿ ಕತ್ತಲಲ್ಲಿ ಕೂತು ತೂತು ಹಾಕ್ತಿದ್ದರು. ಫಿಲ್ಮ್ ತೊಳೆಯೋದನ್ನೂ ಕಲಿತರು. ಹಗಲು ಬಿಸಿಲಲ್ಲಿ ಬಿಳಿ ಬಟ್ಟೆ ಹಿಡಿದು ನಟರ ಮುಖಕ್ಕೆ ಬೆಳಕು ಬೀಳಿಸಿದರು. ಇಡೀ ತಂಡಕ್ಕೆ ಅಡುಗೆಯೂ ಇವರದೇ.

1913ರ ಮೇ 3ರಂದು ಮುಂಬಯಿಯಲ್ಲಿ 'ರಾಜಾ ಹರಿಶ್ಚಂದ್ರ' ಬಿಡುಗಡೆಯಾಯಿತು. ಅದೇ ಭಾರತದ ಮೊದಲ ಪೂರ್ಣ ಕಥಾಚಿತ್ರ. ಹೆಂಗಸರು ಸಿಗದೆ ರಾಣಿಯ ಪಾತ್ರವನ್ನು ಸಾಳುಂಕೆ ಎಂಬ ಗಂಡಸು ಮಾಡಿದ. ಲೋಹಿತಾಶ್ವನಾಗಿದ್ದು ಇವರ ಮಗ ಭಾಲಚಂದ್ರ. ಮಗ ಪರದೆ ಮೇಲೆ ಕಾಣಿಸಿದ, ಅಮ್ಮ ಕಾಣಿಸಲಿಲ್ಲ.

ಫಾಲ್ಕೆಯವರು 1944ರಲ್ಲಿ ತೀರಿಕೊಂಡರು. ಅವರ ಹೆಸರಿನ ಪ್ರಶಸ್ತಿ ದೇಶಕ್ಕೇ ದೊಡ್ಡದು. 1995ರ ಸಾಲಿನದು ನಮ್ಮ ಡಾ. ರಾಜ್‌ಕುಮಾರ್ ಅವರಿಗೆ ಬಂತು. ಆ ಹೆಸರು ಕೇಳಿದಾಗ ಕತ್ತಲಲ್ಲಿ ಕೂತು ಫಿಲ್ಮಿಗೆ ತೂತು ಹಾಕಿದ ತಾಯಿಯನ್ನೂ ನೆನೆಯೋಣ. ಸಿನಿಮಾ ಮುಗಿದ ಕೂಡಲೆ ಎದ್ದು ಓಡದೆ, ಕೊನೆಯಲ್ಲಿ ಬರೋ ಹೆಸರುಗಳನ್ನೂ ಓದೋಣ.